ರೋಮಿನ ಪೂಜಾರಿಯ ಕಟ್ಟಳೆ

ಬೆಳಗೋಡು ಹೋಬಳಿ
9 ಮಾರ್ಚ್ 2025

ಅಕ್ಕನಿಗೆ ಸುರೇಂದ್ರನ ನಮಸ್ಕಾರ.

ನನ್ನ ಅಕ್ಷರ ಕಂಡ ಕೂಡಲೇ ಹರಿದು ಒಲೆಗೆ ಹಾಕಬೇಡ. ಬರೆಯಲು ಹೇಳಿದವಳು ಅಮ್ಮ. ಎದುರಿಗೇ ಕುಳಿತು ಎಷ್ಟು ಸಾಲಾಯಿತು ಎಂದು ಇಣುಕಿ ನೋಡುತ್ತಿದ್ದಾಳೆ. ನಾಲ್ಕು ವರ್ಷದಿಂದ ನೀನು ವಾರವಾರ ಅಮ್ಮನಿಗೆ ಫೋನ್ ಮಾಡುತ್ತೀಯ, ಒಂದು ಸಲವೂ ‘ಅವನಿಗೆ ಕೊಡು’ ಎಂದವಳಲ್ಲ. ಸರಿಯಾಗಿಯೇ ಮಾಡಿದ್ದೀಯ. ನಿನ್ನ ನಿಶ್ಚಿತಾರ್ಥದ ದಿನ ಕುಡಿದು ಬಂದು ಹುಡುಗನ ಸೋದರಮಾವನ ಕಪಾಳಕ್ಕೆ ಬಾರಿಸಿದವನು ನಾನು. ಸಂಬಂಧ ಮುರಿದದ್ದು ಅದರಿಂದಲೇ. ಅದಕ್ಕೆ ಈಗ ಕಾರಣ ಹೇಳುತ್ತಾ ಕೂರುವುದಿಲ್ಲ.

ಸುದ್ದಿ ಏನೆಂದರೆ ನಾನು ಪೂಜಾರಿ ಆಗಿದ್ದೇನೆ. ನಗಬೇಡ ಮಾರಾಯ್ತಿ. ಗುಡ್ಡದಮ್ಮನ ಪೂಜೆ ಮಾಡುತ್ತಿದ್ದ ಕುಳ್ಳಯ್ಯಜ್ಜ ಸಂಕ್ರಾಂತಿ ಕಳೆದ ವಾರಕ್ಕೆ ತೀರಿಕೊಂಡ. ಶಿವರಾತ್ರಿಯ ಮರುದಿನ ಊರವರೆಲ್ಲ ಗುಡಿಯ ಮುಂದೆ ಸೇರಿದಾಗ ಯಜಮಾನ ತೋಟಪ್ಪನವರು ನನ್ನ ರಟ್ಟೆ ಹಿಡಿದು ಎಬ್ಬಿಸಿದರು. “ಇವ್ನ್ನ ಹಿಂಗೇ ಬಿಟ್ರೆ ಕುಡ್ಕಂಡು ಯಾವ್ದಾದ್ರೂ ಕಮರಿಗೆ ಜೀಪ್ ಹಾರಿಸ್ತಾನೆ. ಅಮ್ಮನ ಕಾಲಿಗೆ ಕಟ್ಟಾಕಣ” ಅಂದರು. ಹೂವು ಕೇಳಿದರು, ಗುಡ್ಡದಮ್ಮನೂ ಬಲಗಡೆಯಿಂದಲೇ ಹೂವು ಕೊಟ್ಟುಬಿಟ್ಟಳು. ನನ್ನನ್ನು ಯಾರೂ ಕೇಳಲಿಲ್ಲ.

ಈಗ ನನಗೆ ಕುಡಿತ ಇಲ್ಲ, ಚಪ್ಪಲಿ ಇಲ್ಲ, ಊರ ಗಡಿ ದಾಟಿ ಮಲಗುವಂತಿಲ್ಲ. ಪೂಜಾರಿಯ ಕಾಲು ನೆಲ ಬಿಡಬಾರದಂತೆ, ಅದಕ್ಕೇ ಗಾಡಿ ಹತ್ತುವಂತಿಲ್ಲ. ಹಾನುಬಾಳು ರೂಟಿನಲ್ಲಿ ಹನ್ನೊಂದು ವರ್ಷ ಜೀಪು ಓಡಿಸಿದವನು ನನ್ನ ಜೀಪಿನ ಪಕ್ಕದಲ್ಲೇ ನಡೆದುಕೊಂಡು ಹೋಗುತ್ತೇನೆ. ಯೋಗೇಶ ಓಡಿಸುತ್ತಾನೆ. ಅವನು ಗೇರ್ ಹಾಕುವ ಸದ್ದು ಕೇಳಿದರೆ ನನ್ನ ಹಲ್ಲು ಜುಮ್ಮೆನ್ನುತ್ತದೆ. ಫೋನ್ ಮುಟ್ಟಬಹುದೋ ಇಲ್ಲವೋ ಯಾರಿಗೂ ಗೊತ್ತಿಲ್ಲ, ಏಕೆಂದರೆ ಕುಳ್ಳಯ್ಯಜ್ಜನ ಹತ್ತಿರ ಅದು ಇರಲೇ ಇಲ್ಲ. ತೀರ್ಮಾನ ಆಗುವವರೆಗೆ ಬೇಡ ಎಂದಿದ್ದಾರೆ. ಅದಕ್ಕೇ ಈ ಕಾಗದ.

ಅಮ್ಮ ಫೋನಿನಲ್ಲಿ ಹೇಳದ ಮಾತು ಒಂದಿದೆ. ವಾರಕ್ಕೆ ಎರಡು ಸಲ ಡಯಾಲಿಸಿಸ್‌ಗೆ ಸಕಲೇಶಪುರಕ್ಕೆ ಹೋಗುವುದು ನಿನಗೆ ಗೊತ್ತು. ಹೇಗೆ ಹೋಗುತ್ತಾಳೆ ಎಂಬುದು ಗೊತ್ತಿಲ್ಲ. ಹೋದ ಮಳೆಗಾಲದಲ್ಲಿ ಹಳ್ಳದ ಸೇತುವೆ ಕೊಚ್ಚಿಹೋಯಿತು. ಜೀಪು ಆಚೆ ದಡದಲ್ಲೇ ನಿಲ್ಲುತ್ತದೆ. ಅಮ್ಮನನ್ನು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂರಿಸಿ ನಾನೂ ಪಕ್ಕದ ಮನೆಯ ಬಸವರಾಜುವೂ ಎತ್ತಿಕೊಂಡು ನೀರು ದಾಟುತ್ತೇವೆ. ಈಗ ನೀರು ಪಾದ ಮುಳುಗುವಷ್ಟು. ಜೂನಿನಲ್ಲಿ ಏನು ಮಾಡುವುದು ಎಂದು ನನಗೆ ತಿಳಿಯುತ್ತಿಲ್ಲ.

ಇಂತಿ,
ಸುರೇಂದ್ರ

*

ಮೈಸೂರು
24 ಮಾರ್ಚ್ 2025

ಸುರೇಂದ್ರ,

ಕಾಗದ ಸಿಕ್ಕಿತು. ಅಮ್ಮನ ವಿಷಯ ತಿಳಿಸಿದ್ದಕ್ಕೆ ಉತ್ತರ ಬರೆಯುತ್ತಿದ್ದೇನೆ, ಬೇರೆ ಅರ್ಥ ಮಾಡಿಕೊಳ್ಳಬೇಡ. ಸೇತುವೆಗೆ ಯಾರಿಗಾದರೂ ಅರ್ಜಿ ಕೊಟ್ಟಿದ್ದೀರಾ? ಅಥವಾ ಅದಕ್ಕೂ ಹೂವು ಕೇಳಿದ್ದೀರಾ?

ನಿನ್ನ ಪೂಜಾರಿಕೆ ಓದಿ ನಿಜವಾಗಿಯೂ ನಕ್ಕೆ. ಇಲ್ಲೊಬ್ಬ ಪ್ರಕಾಶಕರು ಪ್ರಾಚೀನ ಜಗತ್ತಿನ ಬಗ್ಗೆ ಒಂದು ಕೋಶ ಮಾಡಿಸುತ್ತಿದ್ದಾರೆ. ನನಗೆ ರೋಮ್ ಭಾಗ ಬರೆಯಲು ಕೊಟ್ಟಿದ್ದಾರೆ. ಈ ವಾರ ನನ್ನ ಮೇಜಿನ ಮೇಲೆ ಇರುವವನು ಗಾಯಸ್ ವಲೇರಿಯಸ್ ಫ್ಲಾಕಸ್. ಎರಡು ಸಾವಿರದ ಇನ್ನೂರು ವರ್ಷಗಳ ಹಿಂದಿನವನು. ದೊಡ್ಡ ಮನೆತನದ ಪೋಲಿ ಹುಡುಗ. ಅವನ ಪುಂಡಾಟಕ್ಕೆ ಒಡಹುಟ್ಟಿದವನೇ ಅವನನ್ನು ದ್ವೇಷಿಸುತ್ತಿದ್ದ. ಅಲ್ಲಿನ ಮಹಾಪುರೋಹಿತ ಅವನಿಗೆ ಇಷ್ಟವಿಲ್ಲದಿದ್ದರೂ ಹಿಡಿದು ಜೂಪಿಟರ್ ದೇವರ ಪೂಜಾರಿ ಮಾಡಿಬಿಟ್ಟ. ನಿಮ್ಮ ತೋಟಪ್ಪನವರ ಹಾಗೆಯೇ. ವಿಚಿತ್ರವೆಂದರೆ ಅವನು ನೆಟ್ಟಗಾದ. ಎಷ್ಟು ನೆಟ್ಟಗಾದ ಎಂದರೆ, ಈ ಪೂಜಾರಿಗೆ ಹಿಂದೆ ಸೆನೆಟ್ ಸಭೆಯಲ್ಲಿ ಕೂರುವ ಹಕ್ಕಿತ್ತು, ಮಧ್ಯೆ ಬಂದ ಕೈಲಾಗದವರು ಅದನ್ನು ಕಳೆದುಕೊಂಡರು ಎಂದು ಸೀದಾ ಸಭೆಗೇ ನುಗ್ಗಿದ. ಹೊರಗೆ ಎಳೆದು ಹಾಕಿದರು. ಜನಪ್ರತಿನಿಧಿಗಳ ಮುಂದೆ ವಾದ ಹೂಡಿ, ಗೆದ್ದು, ಮತ್ತೆ ಹೋಗಿ ಕುಳಿತ.

ಕಟ್ಟಳೆ ಎಂದರೆ ಅವನದು ನೋಡು. ಕುದುರೆ ಹತ್ತುವಂತಿಲ್ಲ. (ನಿನಗೆ ಜೀಪಿಲ್ಲ, ಅವನಿಗೆ ಕುದುರೆಯಿಲ್ಲ.) ಮೇಕೆ ಮುಟ್ಟುವಂತಿಲ್ಲ. ಅವರೆಯ ಜಾತಿಯ ಕಾಳು ಮುಟ್ಟುವುದಿರಲಿ, ಹೆಸರೂ ಎತ್ತುವಂತಿಲ್ಲ. ಬಟ್ಟೆಯಲ್ಲಿ ಗಂಟು ಇರಬಾರದು. ಮಂಚದ ಕಾಲಿಗೆ ತೆಳ್ಳಗೆ ಕೆಸರು ಮೆತ್ತಿರಬೇಕು. ಹೆಣ ಮುಟ್ಟುವಂತಿಲ್ಲ, ಸ್ಮಶಾನಕ್ಕೆ ಕಾಲಿಡುವಂತಿಲ್ಲ. ಇನ್ನೂ ಇದೆ, ಇನ್‌ಲ್ಯಾಂಡ್ ಕಾಗದದಲ್ಲಿ ಜಾಗ ಮುಗಿಯಿತು.

ಅಮ್ಮನಿಗೆ ಉಪ್ಪು ಕೊಡಬೇಡ.

ಶಾಲಿನಿ

*

ಬೆಳಗೋಡು ಹೋಬಳಿ
11 ಏಪ್ರಿಲ್ 2025

ಅಕ್ಕಾ,

ನೀನು ಕೈಯಾರೆ ನನಗೆ ಅವರೆಕಾಳು ತಪ್ಪಿಸಿದೆ!

ನಿನ್ನ ಕಾಗದ ಬಂದಾಗ ಗುಡಿಯ ಜಗುಲಿಯಲ್ಲಿ ತೋಟಪ್ಪನವರಿದ್ದರು. “ಯಾರ್ದಲಾ ಕಾಗ್ದ, ಓದು” ಅಂದರು. ಬೈದಿರುತ್ತೀಯ ಎಂದು ಹೆದರುತ್ತಲೇ ಗಟ್ಟಿಯಾಗಿ ಓದಿದೆ. ಓದುತ್ತಾ ಓದುತ್ತಾ ಜನ ಸೇರಿದರು. ಮುಗಿಯುವ ಹೊತ್ತಿಗೆ ಎಲ್ಲರ ಮುಖವೂ ಗಂಭೀರ. “ನೋಡ್ರಪ್ಪಾ, ಎರಡು ಸಾವಿರ ವರ್ಷದ ಹಿಂದೇನೇ ಎಲ್ಲ ಬರೆದಿಟ್ಟವ್ರೆ. ನಮ್ ಕುಳ್ಳಯ್ಯ ಅರ್ಧಂಬರ್ಧ ಹೇಳಿ ಹೋಗ್ಬುಟ್ಟ. ಇನ್ಮೇಲೆ ಅನುಮಾನ ಬಂದ್ರೆ ಶಾಲಿನಿ ಕಾಗ್ದ ನೋಡದು, ಅಷ್ಟೇಯ” ಎಂದು ತೋಟಪ್ಪನವರು ಹೇಳಿದರು. ಕಾಗದವನ್ನು ಅಮ್ಮನವರ ಒಡವೆ ಪೆಟ್ಟಿಗೆಯಲ್ಲಿ ಇಟ್ಟಿದ್ದಾರೆ. ಭೂತಮ್ಮಜ್ಜಿ ಅದೇ ಸಂಜೆ ಬಂದು ನನ್ನ ಮಂಚದ ಕಾಲಿಗೆ ಗದ್ದೆ ಮಣ್ಣು ಮೆತ್ತಿ ಹೋದಳು. ಪಂಚೆಗೆ ಗಂಟು ಹಾಕುವಂತಿಲ್ಲ, ನಡೆಯುವಾಗ ಒಂದು ಕೈ ಸೊಂಟದ ಮೇಲೇ ಇರಬೇಕು. ಅಮ್ಮ ನಕ್ಕು ನಕ್ಕು ಕೆಮ್ಮಿದಳು. ಅವಳು ಹಾಗೆ ನಕ್ಕು ಬಹಳ ದಿನ ಆಗಿತ್ತು.

ಇನ್ನೊಂದು ಕೇಳು. ಆ ಪೂಜಾರಿ ಸಭೆಗೆ ಹೋಗಿ ಕುಳಿತದ್ದೂ ತೋಟಪ್ಪನವರ ತಲೆಯಲ್ಲಿ ನಿಂತುಬಿಟ್ಟಿದೆ. ನಮ್ಮ ವಾರ್ಡಿನ ಪಂಚಾಯಿತಿ ಸದಸ್ಯರು ತೀರಿಕೊಂಡು ಸ್ಥಾನ ಖಾಲಿ ಇದೆ. ಮೇ ತಿಂಗಳಲ್ಲಿ ಉಪಚುನಾವಣೆ. ನನ್ನನ್ನು ನಿಲ್ಲಿಸಬೇಕಂತೆ. “ರೋಮಲ್ಲಿ ಆಗೋದಾದ್ರೆ ನಮ್ಮಲ್ಲಿ ಯಾಕಾಗಕಿಲ್ಲ?” ನನಗೆ ರಾಜಕೀಯ ಬೇಡ ಅಕ್ಕ. ಆದರೆ ಸೇತುವೆಗೆ ನಾವು ಕೊಟ್ಟ ಅರ್ಜಿ ಮೂರು. ಸಭೆಯಲ್ಲಿ ಕೇಳುವವರಿಲ್ಲದೆ ಮೂರೂ ಹಾಗೇ ಬಿದ್ದಿವೆ. ಸದಸ್ಯನಾದರೆ ಮಳೆಗೆ ಮುಂಚೆ ಕೊನೇಪಕ್ಷ ಒಂದು ಮರದ ಕಾಲುಸಂಕವಾದರೂ ಹಾಕಿಸಬಹುದು. ಅಮ್ಮನ ಕುರ್ಚಿ ದಾಟುವಷ್ಟು ಅಗಲ ಸಾಕು.

ಉಪ್ಪು ಕೊಡುತ್ತಿಲ್ಲ. ಕದ್ದು ಹಾಕಿಕೊಳ್ಳುತ್ತಾಳೆ.

ನಿನ್ನ ತಮ್ಮ,
ಸುರೇಂದ್ರ

*

ಮೈಸೂರು
30 ಏಪ್ರಿಲ್ 2025

ಸುರೇಂದ್ರ,

ಅಯ್ಯೋ ದೇವರೇ! ಅದನ್ನು ನಾನು ಬರೆದದ್ದು ನಿನ್ನನ್ನು ಛೇಡಿಸಲು. ತೋಟಪ್ಪನವರಿಗೆ ಹೇಳು, ಆ ದೇವರೇ ಬೇರೆ, ಆ ಊರೇ ಬೇರೆ. ಅವರೆಕಾಳು ತಿನ್ನು.

ಚುನಾವಣೆಗೆ ನಿಲ್ಲು. ಆದರೆ ಒಂದು ತೊಡಕು ಈಗಲೇ ಹೇಳುತ್ತೇನೆ. ಕುಳ್ಳಯ್ಯಜ್ಜ ಯಾವತ್ತೂ ಆಣೆ ಇಡುತ್ತಿರಲಿಲ್ಲ, ಚಿಕ್ಕವಳಿದ್ದಾಗ ಕೇಳಿದ ನೆನಪು. ಒಂಬತ್ತು ಹಳ್ಳಿಯವರಿಗೆ ಆಣೆ ಇಡಿಸುವವನು ತಾನು ಆಣೆ ಇಡಬಾರದು ಎನ್ನುತ್ತಿದ್ದರು. ಪಂಚಾಯಿತಿಯಲ್ಲಿ ಪ್ರಮಾಣ ವಚನ ತೆಗೆದುಕೊಳ್ಳಬೇಕಲ್ಲ?

ಫ್ಲಾಕಸನಿಗೂ ಇದೇ ಆಯಿತು. ಅವನ ಪೂಜಾರಿಕೆಯಲ್ಲೂ ಆಣೆ ನಿಷಿದ್ಧ. ಮುಂದೆ ನಗರದ ಅಧಿಕಾರಿಯಾಗಿ ಆರಿಸಿ ಬಂದ. ಪ್ರಮಾಣ ಮಾಡದೆ ಐದು ದಿನಕ್ಕಿಂತ ಹೆಚ್ಚು ಅಧಿಕಾರದಲ್ಲಿ ಇರುವಂತಿಲ್ಲ ಎಂಬುದು ಕಾನೂನು. ಕೊನೆಗೆ ಸೆನೆಟ್ಟು, ನಿನ್ನ ಬದಲು ಆಣೆ ಇಡುವವರು ಇದ್ದರೆ ಕರೆದುಕೊಂಡು ಬಾ ಎಂದಿತು. ಬಂದವನು ಯಾರು ಗೊತ್ತೇ? ಅವನನ್ನು ದ್ವೇಷಿಸುತ್ತಿದ್ದ ಆ ಒಡಹುಟ್ಟಿದವನೇ. ಅದು ಫ್ಲಾಕಸನೇ ಇಟ್ಟಷ್ಟು ಸಿಂಧು ಎಂದು ಜನ ಓಟು ಹಾಕಿ ಒಪ್ಪಿದರು. ಇದನ್ನು ಬರೆಯುವಾಗ ನನ್ನ ಪೆನ್ನು ಸ್ವಲ್ಪ ಹೊತ್ತು ನಿಂತಿತು.

ಅಮ್ಮನ ಕಾಲಿನ ಬಾವು ಹೇಗಿದೆ? ಕೇಳಿದರೆ ಚೆನ್ನಾಗಿದೆ ಎನ್ನುತ್ತಾಳೆ. ನೀನು ನಿಜ ಬರೆ.

ಶಾಲಿನಿ

*

ಬೆಳಗೋಡು ಹೋಬಳಿ
29 ಮೇ 2025

ಅಕ್ಕಾ,

ಗೆದ್ದೆ. ನಿನ್ನೆ ಎಣಿಕೆ ಆಯಿತು. ಗಾಡಿ ಹತ್ತದೆ ಪ್ರಚಾರ ಮಾಡಿದ ಅಭ್ಯರ್ಥಿ ಈ ತಾಲ್ಲೂಕಿನಲ್ಲಿ ನಾನೊಬ್ಬನೇ ಇರಬೇಕು. ಸೊಂಟದ ಮೇಲೆ ಕೈ ಇಟ್ಟುಕೊಂಡು ಮನೆಮನೆಗೂ ನಡೆದೆ.

ಜೂನ್ ಒಂಬತ್ತು, ಸೋಮವಾರ ಪ್ರಮಾಣ ವಚನ. ನೀನು ಹೇಳಿದ ಹಾಗೆಯೇ ಆಯಿತು. ತೋಟಪ್ಪನವರು ತಲೆಯ ಮೇಲೆ ಕೈ ಹೊತ್ತು ಕುಳಿತರು. ನಾನು ನಿನ್ನ ಎರಡನೇ ಕಾಗದ ಓದಿದೆ. ಆ ದೇವರೇ ಬೇರೆ ಎಂದು ನೀನು ಬರೆದದ್ದನ್ನು ಅವರು ಕಿವಿಗೇ ಹಾಕಿಕೊಳ್ಳಲಿಲ್ಲ. ಆ ಒಡಹುಟ್ಟಿದವನು ಆಣೆ ಇಟ್ಟ ಜಾಗಕ್ಕೆ ಬಂದಾಗ ಅವರು ಎದ್ದು ನಿಂತುಬಿಟ್ಟರು. “ಶಾಲಿನಿನ್ ಕರ್ಸು” ಅಂದರು. ಅರ್ಜಿಯನ್ನೂ ಬರೆಸಿಯಾಯಿತು. ‘ನಮ್ಮ ಪೂಜಾರಿ ಆಣೆ ಇಡುವಂತಿಲ್ಲವಾದ್ದರಿಂದ ಅವರ ಒಡಹುಟ್ಟಿದ ಅಕ್ಕ ಶಾಲಿನಿಯವರು ಅವರ ಪರವಾಗಿ ಪ್ರಮಾಣ ಮಾಡುತ್ತಾರೆ, ರೋಮ್ ದೇಶದಲ್ಲಿ ಹೀಗೆ ನಡೆದಿರುತ್ತದೆ.’ ಕೆಳಗೆ ನೂರಾ ನಲವತ್ತು ಸಹಿ ಮತ್ತು ಹೆಬ್ಬೆಟ್ಟು. ನಿನ್ನ ಕಾಗದದ ಜೆರಾಕ್ಸ್ ಲಗತ್ತಿಸಿದೆ.

ನಗುತ್ತೀಯೋ ಬೈಯುತ್ತೀಯೋ ತಿಳಿಯದು. ಬಾವು ಮೊಣಕಾಲಿನವರೆಗೆ ಬಂದಿದೆ. ಹಳ್ಳದ ನೀರೂ ಮೊಣಕಾಲಿಗೆ ಬಂದಿದೆ. ನಿನ್ನ ಜೀವನ ಹಾಳು ಮಾಡಿದವನು ಕೇಳುತ್ತಿದ್ದೇನೆ. ಬಾ ಅಕ್ಕ.

ಸುರೇಂದ್ರ

*

ಮೈಸೂರು
12 ಜೂನ್ 2025

ಸುರೇಂದ್ರ,

ಬಸ್ಸು ಸಕಲೇಶಪುರ ದಾಟುವವರೆಗೂ ಕಿಟಕಿಯ ಕಡೆ ತಿರುಗಿಯೇ ಕುಳಿತಿದ್ದೆ. ಪಕ್ಕದ ಹೆಂಗಸು ಎರಡು ಸಲ ನೀರು ಬೇಕಾ ಎಂದು ಕೇಳಿದರು.

ಪ್ರಮಾಣ ಮಾಡಿಸಲು ಬಂದಿದ್ದ ಆ ಅಧಿಕಾರಿಯ ಮೇಲೆ ಸಿಟ್ಟಾಗಲು ನನಗೆ ಆಗುತ್ತಿಲ್ಲ. ನಿಮ್ಮ ಅರ್ಜಿಯನ್ನು ಪೂರ್ತಿ ಓದಿದರು, ಆ ರೋಮಿನ ಭಾಗವನ್ನು ಎರಡು ಸಲ. “ಮೇಡಂ, ನೀವು ಇಷ್ಟು ದೂರ ಬಂದಿದ್ದೀರಿ, ಆದ್ರೆ ಗೆದ್ದವರೇ ಹೇಳ್ಬೇಕು. ದೇವರ ಹೆಸರು ಬೇಡ ಅಂದ್ರೆ ಸತ್ಯನಿಷ್ಠೆಯಿಂದ ದೃಢೀಕರಿಸ್ತೀನಿ ಅನ್ನಬಹುದು, ಅದಕ್ಕೂ ಅವಕಾಶ ಇದೆ” ಎಂದರು. ಇನ್ನೇನು ಹೇಳಬೇಕಿತ್ತು ಪಾಪ? ಆದರೂ ನಾನು ಕೈ ಎತ್ತಿದೆ. ಯಾಕೆ ಎತ್ತಿದೆನೋ ಗೊತ್ತಿಲ್ಲ. ಅಷ್ಟು ಜನರ ಮುಂದೆ ನಿಂತು, ಯಾರೂ ಕೇಳದ ಕೈಯನ್ನು ಇಳಿಸುವುದು ಬಲು ಕಷ್ಟ.

ನಾನು ನಿನ್ನನ್ನೇ ನೋಡುತ್ತಿದ್ದೆ. ನೀನು ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಂಡೆ. ದೃಢೀಕರಿಸುತ್ತೇನೆ ಎಂದು ಒಂದು ಮಾತು ಅನ್ನಬಹುದಿತ್ತಲ್ಲ? ದೇವರೂ ಇಲ್ಲ, ಆಣೆಯೂ ಇಲ್ಲ. ಅಮ್ಮನಿಗಾಗಿ ಒಂದು ಮಾತು! ಮನೆಗೆ ಬಂದ ಮೇಲೆ ಅಮ್ಮನ ಮುಂದೆ ಕೇಳಬಾರದು ಎಂದು ಸುಮ್ಮನಿದ್ದೆ. ನೀನು ಬಡಿಸಿದ ಅನ್ನ ಉಂಡೆ. ನಾಲ್ಕು ವರ್ಷದ ಸಿಟ್ಟು ಎಲ್ಲಿ ಹೋಯಿತೋ ತಿಳಿಯದು, ಹೊಸ ಸಿಟ್ಟಿನಲ್ಲಿ ಬಸ್ಸು ಹತ್ತಿದೆ.

ಅಮ್ಮನನ್ನು ಇಲ್ಲಿಗೆ ಕಳಿಸು ಎಂದು ಇನ್ನೊಮ್ಮೆ ಕೇಳುತ್ತಿದ್ದೇನೆ. ಇಲ್ಲಿ ಆಸ್ಪತ್ರೆಗೆ ಆಟೋ ಸಿಗುತ್ತದೆ.

ಅಕ್ಕ

*

ಬೆಳಗೋಡು ಹೋಬಳಿ
20 ಜೂನ್ 2025

ಅಕ್ಕಾ,

ಅನ್ನಬಹುದಿತ್ತು. ಬಾಯಿಯವರೆಗೆ ಬಂದಿತ್ತು.

ಅಂದು ಬೆಳಿಗ್ಗೆ ಭೂತಮ್ಮಜ್ಜಿ ಗುಡಿಗೆ ಬಂದಿದ್ದಳು. ಅವಳ ಗದ್ದೆಯ ಬದು ಯಾರದು ಎಂಬ ಜಗಳ ಮೂವತ್ತು ವರ್ಷದ ಹಿಂದೆ ಕುಳ್ಳಯ್ಯಜ್ಜನ ಮುಂದೆ ಇಟ್ಟ ಆಣೆಯಿಂದ ತೀರಿತ್ತು. ಅವಳ ಹತ್ತಿರ ಬೇರೆ ಕಾಗದವಿಲ್ಲ, ಪತ್ರವಿಲ್ಲ. “ನೀನು ಕೈ ಎತ್ತಿದ್ರೆ ನನ್ ಆಣೆ ಉಳಿತದೇನಪ್ಪಾ?” ಎಂದು ಕೇಳಿದಳು. ಬೈಯಲೂ ಇಲ್ಲ, ಅಳಲೂ ಇಲ್ಲ, ಸುಮ್ಮನೆ ಕೇಳಿದಳು. ದೃಢೀಕರಣಕ್ಕೂ ಆಣೆಗೂ ಇರುವ ವ್ಯತ್ಯಾಸವನ್ನು ನಾನು ಅವಳಿಗೆ ಹೇಗೆ ಹೇಳಲಿ? ನನಗೇ ಸರಿಯಾಗಿ ಗೊತ್ತಿಲ್ಲ. ಅಮ್ಮನನ್ನು ಕೇಳಿದೆ. “ನನ್ ಜೀವಕ್ಕೋಸ್ಕರ ಒಂಬತ್ತೂರಿನ ಮಾತು ಕೆಡಿಸಿದ ಅನ್ನಿಸ್ಕಬೇಡ ಕಣೋ. ನಾನು ತಲೆ ಎತ್ಕಂಡೇ ಹೋಗ್ಬೇಕು” ಅಂದಳು. ಮೈಸೂರಿಗೆ ಬರುವ ಮಾತಿಗೂ ಅದೇ ಉತ್ತರ. ಈ ಮನೆಯಿಂದ ಕದಲುವುದಿಲ್ಲವಂತೆ.

ಸೋಮವಾರದ ಡಯಾಲಿಸಿಸ್ ತಪ್ಪಿತು. ನಿನ್ನೆಯದೂ ತಪ್ಪಿತು. ಹಗ್ಗ ಕಟ್ಟಿ ನೋಡಿದೆವು. ಬಸವರಾಜು ಸೊಂಟದವರೆಗೆ ಇಳಿದು ಕಾಲು ನಿಲ್ಲದೆ ವಾಪಸಾದ. ಕುರ್ಚಿಯಲ್ಲಿ ಕುಳಿತ ಅಮ್ಮ ದಡದಲ್ಲಿ ಕೊಡೆ ಹಿಡಿದುಕೊಂಡು, “ಬಿಡ್ರೋ, ನೀವ್ಯಾಕೆ ಸಾಯ್ತೀರಾ” ಎನ್ನುತ್ತಿದ್ದಳು. ಆಚೆ ದಡದಲ್ಲಿ ನನ್ನ ಜೀಪು ನಿಂತಿತ್ತು, ಯೋಗೇಶ ವೈಪರ್ ಹಾಕಿಕೊಂಡು ಕಾಯುತ್ತಿದ್ದ. ಎರಡು ಗಂಟೆ ಕಾದ.

ಕರೆಂಟಿಲ್ಲ, ಅಮ್ಮನ ಫೋನ್ ಸತ್ತಿದೆ. ನೀನು ಮಾಡಿ ಮಾಡಿ ಸೋತಿರುತ್ತೀಯ. ಯೋಗೇಶ ದಿನಾ ಸಂಜೆ ಆಚೆ ದಡಕ್ಕೆ ಬರುತ್ತಾನೆ. ಕಾಗದವನ್ನು ಕಲ್ಲಿಗೆ ಕಟ್ಟಿ ಎಸೆಯುತ್ತೇನೆ.

ಸುರೇಂದ್ರ

*

ಬೆಳಗೋಡು ಹೋಬಳಿ
6 ಜುಲೈ 2025

ಅಕ್ಕಾ,

ಹತ್ತು ದಿನವಾಯಿತು. ಕಾರ್ಯದ ಅಡುಗೆಯ ಪಾತ್ರೆಗಳನ್ನು ಹಿಂದಕ್ಕೆ ಕೊಟ್ಟಾಯಿತು.

ಯೋಗೇಶ ಫೋನ್ ಮಾಡಿ ನಿನ್ನನ್ನು ಕರೆಸಿಕೊಂಡ. ಆಚೆ ದಡದಲ್ಲೇ ಇಳಿದೆ, ಸ್ಮಶಾನವೂ ಆಚೆಯೇ, ನಿನಗೆ ಈಚೆ ಬರುವ ಪ್ರಸಂಗವೇ ಬರಲಿಲ್ಲ. ಅವತ್ತೇ ಹೊರಟೆ. ನಾವಿಬ್ಬರೂ ಒಂದು ಮಾತೂ ಆಡಲಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಅಮ್ಮ ಹೋದದ್ದು ಗುರುವಾರ ಮಧ್ಯಾಹ್ನ. ನಾನು ಗುಡಿಯಲ್ಲಿದ್ದೆ. ಶುಕ್ರವಾರ ಬೆಳಿಗ್ಗೆ ಎದ್ದು ನೋಡಿದರೆ ಮಳೆ ನಿಂತು ಹಳ್ಳ ಮೊಣಕಾಲಿಗೆ ಇಳಿದಿತ್ತು. 

ಹೆಣ ನೋಡಬಾರದು ಎಂದು ನನ್ನನ್ನು ಮನೆಯೊಳಗೆ ಬಿಡಲಿಲ್ಲ. ಅದು ಕುಳ್ಳಯ್ಯಜ್ಜ ಹೇಳಿದ್ದ ಕಟ್ಟಳೆಯೇ, ನನಗೂ ಗೊತ್ತಿತ್ತು. ಆದರೆ ಹೆಣದ ಹಿಂದೆ ದೂರದಲ್ಲಿ ನಡೆದು, ಹಳ್ಳ ದಾಟಿ, ಸ್ಮಶಾನದ ಬೇಲಿಯವರೆಗಾದರೂ ಬರಬಹುದೇ ಎಂದು ಕೇಳಿದೆ. ಯಾರಿಗೂ ಗೊತ್ತಿರಲಿಲ್ಲ. ಕುಳ್ಳಯ್ಯಜ್ಜ ಪೂಜೆಗೆ ಬರುವ ಮುಂಚೆಯೇ ಅವನ ಅಪ್ಪ ಅಮ್ಮ ಹೋಗಿದ್ದರು. ತೋಟಪ್ಪನವರು ಒಡವೆ ಪೆಟ್ಟಿಗೆ ತೆಗೆದು ನಿನ್ನ ಕಾಗದವನ್ನು ನನ್ನ ಕೈಗೆ ಕೊಟ್ಟರು. “ಓದಪ್ಪಾ, ಏನೈತೆ?” ನಾನೇ ಓದಿದೆ. ಹೆಣ ಮುಟ್ಟುವಂತಿಲ್ಲ, ಸ್ಮಶಾನಕ್ಕೆ ಕಾಲಿಡುವಂತಿಲ್ಲ. “ಅಷ್ಟೇನಾ?” ಎಂದು ಕೇಳಿದರು. ಅಷ್ಟೇ ಎಂದೆ. ಅವರು ಅಳುತ್ತಿದ್ದರು ಅಕ್ಕ, ಸುಳ್ಳು ಹೇಳುವುದಿಲ್ಲ. “ಹಂಗಾದ್ರೆ ಬೇಡ ಕಣಪ್ಪಾ” ಎಂದು ನನ್ನನ್ನು ಗುಡಿಯೊಳಗೆ ಕೂರಿಸಿ, ಬಾಗಿಲು ಮುಂದಕ್ಕೆಳೆದು, ಹೊರಗೆ ತಾವೂ ಕುಳಿತರು. ತಮಟೆ ಹಳ್ಳ ದಾಟಿದ್ದು ಕೇಳಿಸಿತು. ಆಮೇಲೆ ಕೇಳಿಸಲಿಲ್ಲ.

ಕೊಳ್ಳಿ ಇಟ್ಟವಳು ನೀನು ಎಂದು ಬಸವರಾಜು ಹೇಳಿದ. ನನ್ನ ಬದಲು ನೀನು ಇಡುವುದಕ್ಕೆ ಯಾರೂ ತಕರಾರು ತೆಗೆಯಲಿಲ್ಲವಂತೆ. ಒಳ್ಳೆಯದಾಯಿತು.

ಸದಸ್ಯತ್ವ ರದ್ದಾಗುವ ನೋಟಿಸು ಬಂದಿದೆ. ಮೊನ್ನೆ ಯಾರೋ ಬಂದು ಸೇತುವೆಯ ಜಾಗಕ್ಕೆ ಟೇಪ್ ಹಿಡಿದು ಅಳತೆ ಮಾಡಿಕೊಂಡು ಹೋದರು.

ಒಂದೇ ಒಂದು ಕೇಳುತ್ತೇನೆ. ಅಮ್ಮನ ಮುಖ ಹೇಗಿತ್ತು? ಎಲ್ಲರನ್ನೂ ಕೇಳಿದೆ, ಮಲಗಿದ ಹಾಗಿತ್ತು ಎನ್ನುತ್ತಾರೆ. ಎಲ್ಲ ಹೆಣಕ್ಕೂ ಹಾಗೆಯೇ ಹೇಳುತ್ತಾರೆ. ನೀನು ನಿಜ ಬರೆ.

ಸುರೇಂದ್ರ

*

ಮೈಸೂರು
11 ಜುಲೈ 2025

ತಮ್ಮಾ,

ಮಲಗಿದ ಹಾಗಿರಲಿಲ್ಲ. ಬಾವಿನಿಂದ ಮುಖ ತುಂಬಿಕೊಂಡಿತ್ತು, ಸುಕ್ಕೆಲ್ಲ ಹೋಗಿ ಅಮ್ಮ ಚಿಕ್ಕವಳಾಗಿ ಕಾಣುತ್ತಿದ್ದಳು, ನಮ್ಮ ಹಳೆಯ ಫೋಟೋದಲ್ಲಿ ನಿನ್ನನ್ನು ಎತ್ತಿಕೊಂಡು ನಿಂತಿದ್ದಾಳಲ್ಲ, ಹಾಗೆ. ಎಡಗಣ್ಣು ಪೂರ್ತಿ ಮುಚ್ಚಿರಲಿಲ್ಲ. ನಾನು ಎರಡು ಸಲ ಮುಚ್ಚಿದೆ, ಮತ್ತೆ ತೆರೆಯಿತು, ಬಿಟ್ಟುಬಿಟ್ಟೆ. ಹಣೆಯ ಕುಂಕುಮ ಮರದಿಂದ ತೊಟ್ಟಿಕ್ಕಿದ ಹನಿಗೆ ಮೂಗಿನವರೆಗೆ ಇಳಿದಿತ್ತು, ಸೆರಗಿನಿಂದ ಒರೆಸಿದೆ. ತುಟಿಯ ಮೂಲೆಯಲ್ಲಿ ನಾಲ್ಕು ಹರಳು ಉಪ್ಪು ಅಂಟಿತ್ತು. ಕೊನೆಗೂ ಕದ್ದು ತಿಂದಿದ್ದಾಳೆ. ಅದನ್ನು ಒರೆಸಲಿಲ್ಲ.

ಬೇಲಿಯ ಹತ್ತಿರ ನೀನು ಬರುತ್ತೀಯೇನೋ ಎಂದು ಮತ್ತೆ ಮತ್ತೆ ತಿರುಗಿ ನೋಡಿದೆ. ಬರದೇ ಇದ್ದದ್ದು ಕುಳ್ಳಯ್ಯಜ್ಜನ ಕಟ್ಟಳೆ ಎಂದುಕೊಂಡೆ. ನಿನ್ನ ಕಾಗದ ಬರುವವರೆಗೂ ಹಾಗೆಯೇ ಅಂದುಕೊಂಡಿದ್ದೆ.

ಈಗ ಹೇಳುವುದನ್ನು ಕುಳಿತು ಓದು. ಮಾರ್ಚಿನಲ್ಲಿ ಆ ಪಟ್ಟಿ ಬರೆಯುವಾಗ ಪುಸ್ತಕ ನನ್ನ ಮುಂದೆ ತೆರೆದೇ ಇತ್ತು. ನಿನ್ನ ಮೇಲೆ ಸಿಟ್ಟಿತ್ತು, ನಗಿಸಬೇಕೆಂಬ ಚಪಲವೂ ಇತ್ತು. ನಗು ಬರಿಸುವಂಥದ್ದನ್ನು ಮಾತ್ರ ಆರಿಸಿದೆ, ಕಾಗದವೂ ಮುಗಿಯುತ್ತಾ ಬಂದಿತ್ತು. ಆ ಸಾಲನ್ನು ಅರ್ಧಕ್ಕೇ ನಿಲ್ಲಿಸಿದೆ. ತಮಾಷೆಗೆ ಬರೆದದ್ದು ಎಂದು ಆಮೇಲೆ ಹೇಳಿದೆನೇ ಹೊರತು, ಉಳಿದದ್ದನ್ನು ಬರೆದು ಕಳಿಸಬೇಕು ಎಂದು ತೋಚಲೇ ಇಲ್ಲ. ನಿನ್ನ ಕಾಗದ ಓದಿ ಓಡಿಹೋಗಿ ಪುಸ್ತಕ ತೆಗೆದೆ. ಪೂರ್ತಿ ಸಾಲು ಹೀಗಿದೆ: ಅವನು ಸಮಾಧಿಯಿರುವ ಜಾಗಕ್ಕೆ ಹೋಗುವಂತಿಲ್ಲ, ಹೆಣ ಮುಟ್ಟುವಂತಿಲ್ಲ, ಆದರೆ ಶವಯಾತ್ರೆಯಲ್ಲಿ ನಡೆಯಲು ಅವನಿಗೆ ಅಡ್ಡಿಯಿಲ್ಲ.

ಈ ಕಾಗದವನ್ನು ತೋಟಪ್ಪನವರಿಗೆ ಓದಿ ಹೇಳು. ಹಳೆಯದರ ಜೊತೆ ಪೆಟ್ಟಿಗೆಯಲ್ಲಿ ಇಡಿಸು. ನಿನ್ನ ನಂತರ ಬರುವವನಿಗೂ ಒಬ್ಬ ತಾಯಿ ಇರುತ್ತಾಳೆ.

ನೀನು ನಡೆಯಬಹುದಿತ್ತು ಸುರೇಂದ್ರ. ಬೇಲಿಯವರೆಗೂ ನಡೆಯಬಹುದಿತ್ತು.

ನಿನ್ನ ಅಕ್ಕ,
ಶಾಲಿನಿ